ಗವಿಯಿಂದ ಹೊರಬಂದವನಿಗೆ ಎಷ್ಟು ಹೊತ್ತಾಗಿತ್ತು?

ಕಳೆದ ವರ್ಷದ ಬೋಧನಾಭ್ಯಾಸದಲ್ಲಿ ಒಬ್ಬ ಪ್ರಶಿಕ್ಷಣಾರ್ಥಿಯ ಅವಲೋಕನ ಪುಸ್ತಕದಲ್ಲಿ ನಾನು ಹೀಗೆ ಬರೆದೆ: ‘ವಿಷಯಾಂತರವಾಗಿದೆ. ಸಮಯಪಾಲನೆಯ ಕಡೆಗೆ ಗಮನ ಕೊಡಿ.’ ಈ ಎರಡು ವಾಕ್ಯಗಳನ್ನು ಇಷ್ಟು ವರ್ಷಗಳಲ್ಲಿ ಎಷ್ಟು ಪುಸ್ತಕಗಳಲ್ಲಿ ಬರೆದಿದ್ದೇನೋ ಲೆಕ್ಕವಿಲ್ಲ. ಕೈ ತಾನಾಗಿಯೇ ಬರೆಯುತ್ತದೆ. ಆದರೆ ಆ ದಿನ ಬರೆದದ್ದು ತಪ್ಪಾಯಿತು ಎಂದು ಈಗ ನನಗೆ ಅನ್ನಿಸಿದೆ. ಯಾಕೆ ತಪ್ಪು ಎಂಬುದನ್ನು ಸಹೋದ್ಯೋಗಿಗಳ ಮುಂದೆ, ಮುಖ್ಯವಾಗಿ ಈ ವರ್ಷ ಶಾಲೆಗಳಿಗೆ ಹೊರಟಿರುವ ಪ್ರಶಿಕ್ಷಣಾರ್ಥಿಗಳ ಮುಂದೆ ಇಡುವುದು ಈ ಬರಹದ ಉದ್ದೇಶ.

ಅದು ಎಂಟನೇ ತರಗತಿಯ ಸಮಾಜ ವಿಜ್ಞಾನ, ಇತಿಹಾಸದ ಆಧಾರಗಳ ಪಾಠ. ಊರಿನ ಹೆಸರು ಬೇಡ. ಸುತ್ತ ಬಂಡೆಗುಡ್ಡಗಳಿರುವ ಊರು. ಪೀಠಿಕೆಗೆ ಆಕೆ ಒಳ್ಳೆಯ ಪ್ರಶ್ನೆಯನ್ನೇ ಹಾಕಿಕೊಂಡಿದ್ದರು: “ನೀವು ಹುಟ್ಟುವ ಮುಂಚೆ ನಡೆದದ್ದು ನಿಮಗೆ ಹೇಗೆ ಗೊತ್ತಾಗುತ್ತೆ?” ಅಜ್ಜ ಹೇಳ್ತಾರೆ, ಪುಸ್ತಕದಲ್ಲಿರುತ್ತೆ, ಟೀವಿಯಲ್ಲಿ ಬರುತ್ತೆ ಎಂಬ ನಿರೀಕ್ಷಿತ ಉತ್ತರಗಳು ಬಂದವು. ಅಷ್ಟರಲ್ಲಿ ಹಿಂದಿನ ಸಾಲಿನ ಹುಡುಗನೊಬ್ಬ ಎದ್ದು, “ಮಿಸ್, ನಮ್ಮೂರ ಗುಡ್ಡದ ಗವಿ ಒಳಗೆ ಹೋದ್ರೆ ಕಾಲ ನಿಂತುಬಿಡುತ್ತಂತೆ” ಎಂದ. ಅವನ ಅಜ್ಜಿ ಹೇಳಿದ ಕಥೆ. ತಪ್ಪಿಸಿಕೊಂಡ ಎಮ್ಮೆಯನ್ನು ಹುಡುಕಿಕೊಂಡು ಒಬ್ಬ ಗವಿಯೊಳಗೆ ಹೋದನಂತೆ. ಒಳಗೆ ತಂಪಾಗಿತ್ತು. ಕೂತು ಒಂದು ಸಲ ಎಲೆ ಅಡಿಕೆ ಹಾಕಿಕೊಂಡ, ಎದ್ದು ಬಂದ. ನೋಡಿದರೆ ತನ್ನ ಮನೆಯಿದ್ದ ಜಾಗದಲ್ಲಿ ಬೇರೆ ಮನೆ. ಜಗಲಿಯ ಮೇಲೆ ಕೂತಿದ್ದ ಹಣ್ಣುಹಣ್ಣು ಮುದುಕ ಅವನ ಮೊಮ್ಮಗನಂತೆ.

ತರಗತಿ ಗೊಳ್ಳೆಂದಿತು. ಇಂಥ ಕಡೆ ನಾವು ಕಲಿಸಿರುವುದು ಒಂದೇ: “ಆಯ್ತು, ಕೂತ್ಕೋ, ಅದು ಬರೀ ಕಥೆ” ಎಂದು ಹೇಳಿ ಪಾಠದ ಹೆಸರನ್ನು ಕಪ್ಪುಹಲಗೆಯ ಮೇಲೆ ಬರೆಯುವುದು. ಆಕೆ ಹಾಗೆ ಮಾಡಲಿಲ್ಲ. “ಅಷ್ಟು ವರ್ಷ ಕಳೆದಿದೆ ಅಂತ ಅವನಿಗೆ ಹೇಗೆ ಗೊತ್ತಾಯ್ತು? ಆ ಮುದುಕ ಸುಳ್ಳು ಹೇಳ್ತಿರಬಹುದಲ್ವಾ?” ಎಂದು ಹುಡುಗನನ್ನೇ ಕೇಳಿದರು. ಅಲ್ಲಿಂದ ಮುಂದೆ ಪಾಠ ಯೋಜನೆ ಮೇಜಿನ ಮೇಲೇ ಉಳಿಯಿತು.

ಮನೆ ಹಳೆಯದಾಗಿರುತ್ತೆ ಎಂದ ಒಬ್ಬ. ಹುಣಸೆಮರ ದಪ್ಪ ಆಗಿರುತ್ತೆ ಎಂದಳು ಇನ್ನೊಬ್ಬಳು. ಕರೆಂಟ್ ಕಂಬ, ಮೊಬೈಲ್ ಟವರ್, ಬೋರ್‌ವೆಲ್ ಎಲ್ಲವೂ ಬಂದವು. ಆಮೇಲೆ ಒಬ್ಬ ಹುಡುಗ, “ಅವನ ಜೇಬಲ್ಲಿ ಹಳೇ ಐನೂರರ ನೋಟಿದ್ರೆ ಅಂಗಡೀಲಿ ತಗೊಳಲ್ಲ ಮಿಸ್” ಎಂದ. “ಹಾಗಾದ್ರೆ ಅವನು ಗವಿಗೆ ಹೋದದ್ದು ಯಾವಾಗ?” ಎಂಬ ಮರುಪ್ರಶ್ನೆಗೆ ನಾಲ್ಕೈದು ಮಕ್ಕಳು ಒಟ್ಟಿಗೆ, “2016ಕ್ಕೆ ಮುಂಚೆ!” ಎಂದರು. ಆಗ ಮುಂದಿನ ಸಾಲಿನಲ್ಲಿ ಅಲ್ಲಿಯವರೆಗೆ ಬಾಯಿ ಬಿಡದಿದ್ದ ಹುಡುಗಿಯೊಬ್ಬಳು ಕೈಯೆತ್ತಿದಳು: “ನಮ್ಮಜ್ಜಿ ಪೆಟ್ಟಿಗೇಲಿ ಇನ್ನೂ ಎರಡು ಹಳೇ ನೋಟಿದೆ. ಅದನ್ನ ಹಿಡ್ಕೊಂಡು ಅವನು ನಿನ್ನೆ ಗವಿಗೆ ಹೋಗಿದ್ರೆ?”

ಪ್ರಶಿಕ್ಷಣಾರ್ಥಿ ಒಂದು ಕ್ಷಣ ಸುಮ್ಮನಾದರು. ಆಮೇಲೆ ಅವರೂ ಮಕ್ಕಳೂ ಸೇರಿ ಒಂದು ತೀರ್ಮಾನಕ್ಕೆ ಬಂದರು. ನೋಟಿನ ಹಿಂಬದಿಯಲ್ಲಿ ಮುದ್ರಣದ ವರ್ಷ ಇರುತ್ತದೆ. ಆ ವರ್ಷಕ್ಕಿಂತ ಮೊದಲು ಅವನು ಗವಿಯೊಳಗೆ ಹೋಗಿರಲು ಸಾಧ್ಯವಿಲ್ಲ. ಎಷ್ಟು ತಡವಾಗಿ ಹೋದ ಎಂಬುದನ್ನು ನೋಟು ಹೇಳುವುದಿಲ್ಲ. ಅಷ್ಟಕ್ಕೆ ಗಂಟೆ ಹೊಡೆಯಿತು. ಲಿಖಿತ ಆಧಾರಗಳು, ಪ್ರಾಕ್ತನ ಆಧಾರಗಳು ಎಂದು ಬಣ್ಣದಲ್ಲಿ ಬರೆದು ತಂದಿದ್ದ ಚಾರ್ಟು ಸುತ್ತಿದ ಹಾಗೇ ಉಳಿಯಿತು. ಮೌಲ್ಯಮಾಪನದ ಐದು ಪ್ರಶ್ನೆಗಳಲ್ಲಿ ಒಂದನ್ನೂ ಕೇಳಲಾಗಲಿಲ್ಲ. ನಾನು ಮೇಲಿನ ಎರಡು ವಾಕ್ಯ ಬರೆದು ಅಂಕ ಕಳೆದೆ. ಆಕೆ ಓದಿಕೊಂಡು “ಸರಿ ಮೇಡಂ” ಎಂದರು.

ನಂತರದ ಪಾಠಗಳೆಲ್ಲ ಅಚ್ಚುಕಟ್ಟಾಗಿದ್ದವು. ನಲವತ್ತು ನಿಮಿಷಕ್ಕೆ ಸರಿಯಾಗಿ ಗೃಹಪಾಠ. ಮಕ್ಕಳಲ್ಲಿ ಯಾರಾದರೂ ಬೇರೆ ಮಾತು ತೆಗೆದರೆ, “ಅದನ್ನ ಆಮೇಲೆ ನೋಡೋಣ.” ನಾನು ಕೇಳಿದ್ದನ್ನೇ ಆಕೆ ಕೊಟ್ಟರು.

ಈ ವರ್ಷ ಕಾಲದ ಪರಿಕಲ್ಪನೆಯ ಬಗ್ಗೆ ಒಂದು ತರಗತಿ ತೆಗೆದುಕೊಳ್ಳಬೇಕಾಗಿ ಬಂದು, ಉದಾಹರಣೆಗೆಂದು ಭಾಗವತದ ಮುಚುಕುಂದನ ಕಥೆಯನ್ನು ಮತ್ತೆ ಓದಿದೆ. ಕಥೆ ನಿಮಗೆಲ್ಲ ಗೊತ್ತು. ಮಾಂಧಾತನ ಮಗ ಮುಚುಕುಂದ ದೇವತೆಗಳ ಪರವಾಗಿ ಅಸುರರ ಜೊತೆ ಬಹುಕಾಲ ಕಾದಾಡಿದ. ಸ್ಕಂದ ಸೇನಾಪತಿಯಾದ ಮೇಲೆ ದೇವತೆಗಳು ಅವನನ್ನು ಬೀಳ್ಕೊಟ್ಟರು. ಅಷ್ಟರಲ್ಲಿ ಭೂಮಿಯ ಮೇಲೆ ಅವನ ಹೆಂಡಿರು ಮಕ್ಕಳು, ಮಂತ್ರಿಗಳು, ಪ್ರಜೆಗಳು ಯಾರೂ ಉಳಿದಿರಲಿಲ್ಲ. ಅವನು ಒಂದು ಗುಹೆ ಹೊಕ್ಕು ಮಲಗಿದ. ಯುಗ ಉರುಳಿತು. ಕೃಷ್ಣನನ್ನು ಅಟ್ಟಿಸಿಕೊಂಡು ಬಂದ ಕಾಲಯವನ, ಮಲಗಿದವನೇ ಕೃಷ್ಣನೆಂದು ಒದ್ದು, ಅವನ ನೋಟಕ್ಕೆ ಸುಟ್ಟು ಬೂದಿಯಾದ. ನಾವು ಕಥೆಯನ್ನು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸುತ್ತೇವೆ, ಇಲ್ಲವೇ ಕೃಷ್ಣದರ್ಶನಕ್ಕೆ. ನನಗೆ ಬೇಕಾದದ್ದು ಅದರ ಮುಂದಿನದು. ಗುಹೆಯಿಂದ ಹೊರಗೆ ಬಂದ ಮುಚುಕುಂದ ಸುತ್ತಲೂ ನೋಡುತ್ತಾನೆ. ಮನುಷ್ಯರು, ಪ್ರಾಣಿಗಳು, ಬಳ್ಳಿಗಳು, ಮರಗಳು ಎಲ್ಲವೂ ತಾನು ಕಂಡಿದ್ದಕ್ಕಿಂತ ಗಿಡ್ಡವಾಗಿವೆ. ಹಾಗಾದರೆ ಕಲಿಯುಗ ಬಂದಿದೆ ಎಂದು ತಿಳಿದುಕೊಂಡು ಉತ್ತರಕ್ಕೆ ಹೊರಡುತ್ತಾನೆ.

ಯುಗ ಬದಲಾಗಿದೆ ಎಂದು ಇಲ್ಲಿ ಅವನಿಗೆ ಯಾರೂ ಬಂದು ಹೇಳುವುದಿಲ್ಲ. ಕಣ್ಣಿಗೆ ಬಿದ್ದ ಆಧಾರವನ್ನು ತನ್ನ ಹಿಂದಿನ ತಿಳಿವಳಿಕೆಯ ಜೊತೆ ಹೋಲಿಸಿ ಅವನೇ ಅನುಮಾನಿಸುತ್ತಾನೆ. ಇದನ್ನು ಓದಿದಾಗ ನನಗೆ ಆ ಎಂಟನೇ ತರಗತಿ ನೆನಪಾಯಿತು. ಮಕ್ಕಳು ಮಾಡಿದ್ದೂ ಇದನ್ನೇ.

ಕಾಲ ಬೇರೆ ರೀತಿ ನಡೆಯುವ ಗುಹೆ, ಬೆಟ್ಟಗಳ ಕಥೆ ಬಹುಪಾಲು ನಾಡುಗಳಲ್ಲಿ ಇದೆ. ಅವುಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ ಒಂದು ಸಂಗತಿ ಎದ್ದು ಕಾಣುತ್ತದೆ: ಕಥೆಯ ತಿರುವು ಗವಿಯ ಒಳಗೆ ಇರುವುದಿಲ್ಲ, ಹೊರಗೆ ಬಂದವನಿಗೆ ಸಿಗುವ ಸಾಕ್ಷಿಯಲ್ಲಿ ಇರುತ್ತದೆ. ಚೀನಾದ ಝೆಜಿಯಾಂಗ್ ಪ್ರಾಂತ್ಯದಲ್ಲಿ ಒಂದು ಬೆಟ್ಟವಿದೆ. ಅದರ ಹೆಸರಿನ ಅರ್ಥವೇ ‘ಕೊಳೆತ ಕೊಡಲಿಕಾವಿನ ಬೆಟ್ಟ’. ವಾಂಗ್ ಝಿ ಎಂಬ ಸೌದೆ ಕಡಿಯುವವನು ಅಲ್ಲಿ ಅಮರರು ಪಗಡೆಯಂಥ ಒಂದು ಮಣೆಯಾಟ ಆಡುವುದನ್ನು ನೋಡುತ್ತ ನಿಂತ. ಆಟ ಮುಗಿದು ಕೊಡಲಿಗೆ ಕೈಹಾಕಿದರೆ ಮರದ ಕಾವು ಕೊಳೆತು ಹೋಗಿತ್ತು. ಎಫೆಸಸ್ಸಿನ ಏಳು ಮಂದಿ ನಿದ್ರಿಸಿದವರ ಕ್ರೈಸ್ತ ಕಥೆಯಲ್ಲಿ ಗುಟ್ಟು ರಟ್ಟು ಮಾಡುವುದು ನಾಣ್ಯ. ರೊಟ್ಟಿ ಕೊಳ್ಳಲು ಪೇಟೆಗೆ ಬಂದವನ ಕೈಯಲ್ಲಿ ಡೇಸಿಯಸ್ ಚಕ್ರವರ್ತಿಯ ನಾಣ್ಯ, ಆಳುತ್ತಿರುವವನು ಎರಡನೆಯ ಥಿಯೋಡೋಸಿಯಸ್; ನಡುವೆ ಕಳೆದದ್ದು ಹತ್ತಿರ ಹತ್ತಿರ ಎರಡು ಶತಮಾನ. ಕುರಾನಿನ ಗುಹಾವಾಸಿಗಳೂ ಎದ್ದಾಗ ಒಂದು ದಿನವೋ ಅರ್ಧ ದಿನವೋ ಮಲಗಿದೆವು ಎಂದುಕೊಂಡು ಒಬ್ಬನ ಕೈಯಲ್ಲಿ ಬೆಳ್ಳಿಯ ದುಡ್ಡು ಕೊಟ್ಟು ಊಟ ತರಲು ಕಳಿಸುತ್ತಾರೆ. ಅಮೆರಿಕದ ವಾಷಿಂಗ್ಟನ್ ಇರ್ವಿಂಗ್ 1819ರಲ್ಲಿ ಪ್ರಕಟಿಸಿದ ರಿಪ್ ವಾನ್ ವಿಂಕಲ್ ಕಥೆಯಲ್ಲಂತೂ ಕ್ಯಾಟ್‌ಸ್ಕಿಲ್ ಬೆಟ್ಟದಲ್ಲಿ ಇಪ್ಪತ್ತು ವರ್ಷ ಮಲಗಿ ಎದ್ದವನ ಪಕ್ಕದಲ್ಲಿ ತುಕ್ಕು ಹಿಡಿದ ಬಂದೂಕು; ಊರಿಗೆ ಬಂದರೆ ಛತ್ರದ ಬೋರ್ಡಿನ ಮೇಲಿದ್ದ ಜಾರ್ಜ್ ದೊರೆಯ ಚಿತ್ರ ಜನರಲ್ ವಾಷಿಂಗ್ಟನ್ ಆಗಿದೆ. ಪಾಪ, ಅವನು ದೊರೆಗೆ ಜಯವಾಗಲಿ ಎಂದು ಪೇಚಿಗೆ ಸಿಕ್ಕಿಕೊಳ್ಳುತ್ತಾನೆ. ನಿದ್ರೆಯಲ್ಲಿ ಒಂದು ಕ್ರಾಂತಿಯೇ ಕಳೆದುಹೋಗಿದೆ.

ಕೊಳೆತ ಮರ, ನಾಣ್ಯ, ತುಕ್ಕು, ಬೋರ್ಡಿನ ಬರಹ. ನಮ್ಮ ಪ್ರಶಿಕ್ಷಣಾರ್ಥಿ ಚಾರ್ಟಿನಲ್ಲಿ ಬರೆದು ತಂದಿದ್ದ ಪ್ರಾಕ್ತನ ಆಧಾರ, ಲಿಖಿತ ಆಧಾರ ಎಂದರೆ ಇವೇ ಅಲ್ಲವೇ? ಕೊಡಲಿಯ ಕಾವು ಕೊಳೆಯುವುದಕ್ಕೆ ಎಷ್ಟು ಕಾಲ ಬೇಕು ಎಂದು ಕೇಳಿದ ಮಗು ಇಂಗಾಲ-14ರ ಕಾಲಗಣನೆಯ ಬಾಗಿಲಿಗೆ ಬಂದು ನಿಂತಂತೆ. ಮರ ಸತ್ತ ಮೇಲೆ ಅದರೊಳಗಿನ ಇಂಗಾಲ-14 ಒಂದು ಗೊತ್ತಾದ ಲೆಕ್ಕದಲ್ಲಿ, ಸುಮಾರು 5730 ವರ್ಷಕ್ಕೆ ಅರ್ಧದಂತೆ, ಕರಗುತ್ತದೆ. ಕೊಡಲಿಕಾವು ತಾನೇ ಒಂದು ಗಡಿಯಾರ. ನೋಟಿನ ಹುಡುಗಿಯ ಆಕ್ಷೇಪವಂತೂ ಉತ್ಖನನ ಮಾಡುವವರು ದಿನವೂ ಎದುರಿಸುವ ಪ್ರಶ್ನೆ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ, ಮಾರ್ಟಿಮರ್ ವೀಲರ್ 1947ರಲ್ಲಿ ಅಗೆಸಿದ ನೆಲೆಯಲ್ಲಿ, ಆಗಸ್ಟಸ್ ಮತ್ತು ಟೈಬೀರಿಯಸರ ಕಾಲದ ರೋಮನ್ ನಾಣ್ಯಗಳು ಸಿಕ್ಕಿವೆ. ಒಂದು ಮಣ್ಣಿನ ಪದರದಲ್ಲಿ ಟೈಬೀರಿಯಸನ ನಾಣ್ಯ ಸಿಕ್ಕಿತೆಂದರೆ ಆ ಪದರ ಅವನಿಗಿಂತ ಹಿಂದಿನದಲ್ಲ ಎಂದು ಮಾತ್ರ ಹೇಳಬಹುದು. ನಾಣ್ಯ ಎಷ್ಟೋ ಕಾಲ ಯಾರದೋ ಗಂಟಿನಲ್ಲಿದ್ದು ಆಮೇಲೆ ಮಣ್ಣು ಸೇರಿರಬಹುದು. ಅಜ್ಜಿಯ ಪೆಟ್ಟಿಗೆಯ ಎರಡು ನೋಟಿನಿಂದ ಆ ಹುಡುಗಿ ಅಲ್ಲಿಗೇ ತಲುಪಿದ್ದಳು. ನಾನು ಅದನ್ನು ವಿಷಯಾಂತರ ಎಂದು ಕರೆದೆ.

ಇಂಥ ಕಥೆ ತರಗತಿಯಲ್ಲಿ ಬಂದಾಗ ಶಿಕ್ಷಕರು ಎರಡು ದಾರಿ ಹಿಡಿಯುವುದನ್ನು ನೋಡಿದ್ದೇನೆ. ಒಂದು, ಮೂಢನಂಬಿಕೆ ಎಂದು ತಳ್ಳಿಹಾಕುವುದು. ವೈಜ್ಞಾನಿಕ ಮನೋಭಾವ ಬೆಳೆಸಬೇಕು, ಸಂವಿಧಾನದ 51ಎ ವಿಧಿಯಲ್ಲೇ ಅದು ಮೂಲಭೂತ ಕರ್ತವ್ಯ ಎನ್ನುತ್ತಾರೆ. ನಿಜ. ಆದರೆ ತರಗತಿಯಲ್ಲಿ ಆ ಹೊತ್ತು ಯಾರೂ ಗವಿಯನ್ನು ನಂಬಿ ಎಂದು ಹೇಳಿರಲಿಲ್ಲ. ಹೇಗೆ ಗೊತ್ತಾಯಿತು ಎಂದು ಕೇಳುವುದಕ್ಕಿಂತ ವೈಜ್ಞಾನಿಕವಾದ ಮನೋಭಾವ ಇನ್ನು ಯಾವುದು?

ಇನ್ನೊಂದು ದಾರಿ ಮೇಲ್ನೋಟಕ್ಕೆ ಮಕ್ಕಳಿಗೆ ಹೆಮ್ಮೆ ಕೊಡುವಂತೆ ಕಾಣುತ್ತದೆ: ‘ನೋಡಿ, ಐನ್‌ಸ್ಟೀನ್ ಹೇಳಿದ್ದನ್ನು ನಮ್ಮ ಪುರಾಣಗಳು ಆಗಲೇ ಹೇಳಿದ್ದವು.’ ಇದನ್ನು ನಾನು ಇನ್ನೂ ಬಲವಾಗಿ ವಿರೋಧಿಸುತ್ತೇನೆ. ಯಾಕೆಂದರೆ ಇಲ್ಲಿ ವಿಜ್ಞಾನವೂ ಕೆಡುತ್ತದೆ, ಕಥೆಯೂ ಕೆಡುತ್ತದೆ. ಗುರುತ್ವಕ್ಕೆ ಹತ್ತಿರವಿದ್ದಷ್ಟೂ ಗಡಿಯಾರ ನಿಧಾನ ಎಂಬುದು ಸರಿ. 2010ರಲ್ಲಿ ಅಮೆರಿಕದ ವಿಜ್ಞಾನಿಗಳು ಎರಡು ಪರಮಾಣು ಗಡಿಯಾರಗಳ ನಡುವೆ ಕೇವಲ 33 ಸೆಂಟಿಮೀಟರ್ ಎತ್ತರದ ಅಂತರವಿದ್ದಾಗಲೂ ಅದನ್ನು ಅಳೆದು ತೋರಿಸಿದರು. ಆದರೆ ಪ್ರಮಾಣ ಎಷ್ಟು? ಒಂದು ಕಿಲೋಮೀಟರ್ ಎತ್ತರದ ಅಂತರಕ್ಕೆ ಇಡೀ ವರ್ಷದಲ್ಲಿ ಸೆಕೆಂಡಿನ ಹತ್ತು ಲಕ್ಷ ಪಾಲಿನಲ್ಲಿ ಮೂರು ಪಾಲು ಚಿಲ್ಲರೆ. ದಿಕ್ಕೂ ತಿರುಗುಮುರುಗು: ಬೆಟ್ಟದ ಮೇಲೆ ಗಡಿಯಾರ ಬೇಗ ಓಡುತ್ತದೆ. ಆದ್ದರಿಂದ ಬೆಟ್ಟ ಹತ್ತಿದ ರಿಪ್ ವಾನ್ ವಿಂಕಲ್ ಊರಿನವರಿಗಿಂತ ಕೂದಲೆಳೆಯಷ್ಟು ಹೆಚ್ಚು ಮುದುಕನಾಗಬೇಕು. ಈ ಲೆಕ್ಕವನ್ನು ಹತ್ತನೇ ತರಗತಿಯ ಮಕ್ಕಳ ಮುಂದೆ ಇಡಬಹುದು, ಅವರಿಗೆ ಖುಷಿಯೂ ಆಗುತ್ತದೆ. ಕಥೆ ವಿಜ್ಞಾನದ ಪ್ರಮಾಣಪತ್ರಕ್ಕಾಗಿ ಕೈಚಾಚಿ ನಿಲ್ಲಬೇಕಾಗಿಲ್ಲ. ಅದರ ಕೆಲಸ ಬೇರೆ.

ಗವಿಯಲ್ಲಿ ಕಾಲ ನಿಜಕ್ಕೂ ವಿಚಿತ್ರವಾಗಿ ನಡೆದ ಒಂದು ಪ್ರಸಂಗ ದಾಖಲಾಗಿದೆ. ಅದನ್ನು ಪ್ರತಿಯೊಬ್ಬ ಪ್ರಶಿಕ್ಷಣಾರ್ಥಿಯೂ ತಿಳಿದಿರಬೇಕು ಎಂದು ನನ್ನ ಆಸೆ. ಮಿಶೆಲ್ ಸಿಫ್ರ್ ಎಂಬ ಫ್ರೆಂಚ್ ಭೂವಿಜ್ಞಾನಿ 1962ರಲ್ಲಿ, ಇಪ್ಪತ್ತಮೂರರ ವಯಸ್ಸಿನಲ್ಲಿ, ಆಲ್ಪ್ಸ್ ಪರ್ವತದ ಒಂದು ಹಿಮಗವಿಯೊಳಗೆ ಗಡಿಯಾರವಿಲ್ಲದೆ ಎರಡು ತಿಂಗಳು ಒಬ್ಬನೇ ಇದ್ದ. ಎದ್ದಾಗ, ಮಲಗುವಾಗ ಮೇಲಿನ ತಂಡಕ್ಕೆ ಫೋನು ಮಾಡುತ್ತಿದ್ದ. ಅವರು ಗಂಟೆ ಎಷ್ಟೆಂದು ಅವನಿಗೆ ಹೇಳುವಂತಿರಲಿಲ್ಲ. ಸೆಕೆಂಡಿಗೊಂದರಂತೆ ಒಂದರಿಂದ ನೂರಿಪ್ಪತ್ತರವರೆಗೆ ಎಣಿಸು ಎಂದರೆ ಅವನಿಗೆ ಐದು ನಿಮಿಷ ಹಿಡಿಯುತ್ತಿತ್ತು. ಸೆಪ್ಟೆಂಬರ್ 14ರಂದು ಅವನನ್ನು ಹೊರತಂದಾಗ ಅವನ ಲೆಕ್ಕದಲ್ಲಿ ಅಂದು ಆಗಸ್ಟ್ 20. ಇಪ್ಪತ್ತೈದು ದಿನ ಎಲ್ಲಿಗೋ ಹೋಗಿಬಿಟ್ಟಿದ್ದವು. ಹೊರಗೆ ಕ್ಯಾಲೆಂಡರ್ ಇಲ್ಲದಿದ್ದರೆ, ಹಗಲು ರಾತ್ರಿ ಇಲ್ಲದಿದ್ದರೆ, ಒಳಗಿನ ಅಂದಾಜು ನಂಬಲಿಕ್ಕೆ ಬರುವುದಿಲ್ಲ. ಎಲೆ ಅಡಿಕೆ ಹಾಕಿಕೊಂಡವನ ಕಥೆ ಹೇಳಿದ ಅಜ್ಜಿಗೆ ಇದು ಆಶ್ಚರ್ಯವಾಗಲಾರದು.

ಮನೋವಿಜ್ಞಾನದ ಪಾಠದಲ್ಲಿ ಪಿಯಾಜೆಯನ್ನು ಓದಿಸುವ ನಮಗೆ ಇಲ್ಲಿ ಇನ್ನೊಂದು ನೆನಪು ಬರಬೇಕು. ಮಗುವಿಗೆ ಕಾಲದ ಅರಿವು ಮೊದಲು ಬರುತ್ತದೆಯೋ ವೇಗದ ಅರಿವೋ ಎಂಬ ಪ್ರಶ್ನೆಯನ್ನು 1928ರಲ್ಲಿ ದಾವೋಸಿನಲ್ಲಿ ಪಿಯಾಜೆಗೆ ಹಾಕಿದವರು ಐನ್‌ಸ್ಟೀನರೇ. ಅದರ ಫಲವಾಗಿ 1946ರಲ್ಲಿ ಮಗುವಿನ ಕಾಲದ ಪರಿಕಲ್ಪನೆಯ ಮೇಲೆ ಪಿಯಾಜೆಯ ಪುಸ್ತಕ ಬಂತು. ಎತ್ತರ ಹೆಚ್ಚಿದ್ದವರಿಗೇ ವಯಸ್ಸು ಹೆಚ್ಚು ಎಂದು ಸಣ್ಣ ಮಕ್ಕಳು ಹೇಳುವುದನ್ನು ಅವರು ಅಲ್ಲಿ ಗುರುತಿಸಿದ್ದಾರೆ. ಎತ್ತರ ನೋಡಿ ಯುಗ ಲೆಕ್ಕ ಹಾಕಿದ ಮುಚುಕುಂದನನ್ನು ಆ ಮಕ್ಕಳ ಪಕ್ಕ ಕೂರಿಸಬಹುದೇನೋ! ಇರಲಿ. ಕಾಲ ಎನ್ನುವುದು ಮಗು ತಾನಾಗಿ ಕಟ್ಟಿಕೊಳ್ಳಬೇಕಾದ ಪರಿಕಲ್ಪನೆ, ಇಸವಿಗಳನ್ನು ಬಾಯಿಪಾಠ ಮಾಡಿಸಿದರೆ ಅದು ಬರುವುದಿಲ್ಲ. ತಲಕಾಡು, ಹಳೇಬೀಡು, ಹಂಪಿ ಯಾವುದು ಮೊದಲು ಯಾವುದು ಆಮೇಲೆ ಎಂದು ಕೇಳಿದರೆ ಹೈಸ್ಕೂಲು ಮುಗಿಸಿ ಬಂದವರೂ ತಡವರಿಸುವುದನ್ನು ನಾವು ಪ್ರತಿವರ್ಷ ಸಂದರ್ಶನದಲ್ಲಿ ನೋಡುತ್ತೇವೆ.

ಸಹೋದ್ಯೋಗಿಗಳ ಆಕ್ಷೇಪಗಳು ನನಗೆ ಗೊತ್ತು. ಇಂಥ ಚರ್ಚೆಯನ್ನು ಅನುಭವಿ ಶಿಕ್ಷಕರು ನಡೆಸಿಯಾರು, ಹೊಸಬರ ಕೈಯಲ್ಲಿ ತರಗತಿ ಸಂತೆಯಾಗುತ್ತದೆ; ಮೊದಲು ಯೋಜನೆಯಂತೆ ಪಾಠ ಮಾಡಲು ಕಲಿಯಲಿ ಎನ್ನುತ್ತಾರೆ. ಈ ಮಾತನ್ನು ಹಗುರವಾಗಿ ತಳ್ಳಲಾರೆ. ದಾರಿ ತಪ್ಪಿ ಗಂಟೆ ಹೊಡೆಯುವವರೆಗೆ ಹರಟಿದ ಪಾಠಗಳನ್ನೂ ನೋಡಿದ್ದೇನೆ. ಆ ಪಾಠಗಳಿಗೂ ಇದಕ್ಕೂ ಇರುವ ವ್ಯತ್ಯಾಸವನ್ನು ಗುರುತಿಸುವುದು ಅವಲೋಕಕರ ಕೆಲಸ, ಅದನ್ನೇ ನಾನು ಆ ದಿನ ಮಾಡಲಿಲ್ಲ. ಆಕೆಯ ಪ್ರತಿ ಪ್ರಶ್ನೆಯೂ ಆಧಾರದ ಕಡೆಗೇ ತಿರುಗುತ್ತಿತ್ತು. ಪಾಠದ ನಿರ್ದಿಷ್ಟ ಉದ್ದೇಶ ‘ವಿದ್ಯಾರ್ಥಿಯು ಆಧಾರಗಳ ಮಹತ್ವವನ್ನು ವಿವರಿಸುವನು’ ಎಂದಿತ್ತು. ಅದು ಈಡೇರಿತ್ತು, ಈಡೇರದೆ ಉಳಿದದ್ದು ಚಾರ್ಟು. ಶಾಲೆಯ ಹೊರಗಿನ ಬದುಕಿಗೆ ಜ್ಞಾನವನ್ನು ಜೋಡಿಸಬೇಕು ಎಂದು 2005ರ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟಿನಿಂದ ಬೆಳಿಗ್ಗೆ ಪಾಠ ಮಾಡಿ, ಮಧ್ಯಾಹ್ನ ಆ ಜೋಡಣೆ ಕಣ್ಣೆದುರು ನಡೆದಾಗ ಅಂಕ ಕಳೆದವಳು ನಾನು.

ಕೊನೆಯದಾಗಿ ಕೆಲವು ವ್ಯವಹಾರದ ಮಾತು. ಒಂದೇ ಧರ್ಮದ ಕಥೆ ತೆಗೆದುಕೊಂಡರೆ ತೊಂದರೆಯಾದೀತು ಎಂಬ ಅಂಜಿಕೆ ಇದ್ದವರು ಮೇಲಿನ ಕಥೆಗಳಲ್ಲಿ ಎರಡು ಮೂರನ್ನು ಒಟ್ಟಿಗೆ ಇಡಲಿ. ಅದಕ್ಕಿಂತ ಒಳ್ಳೆಯದು ಮಕ್ಕಳ ಊರಿನ ಕಥೆ. ಕಥೆ ಇಲ್ಲದ ಊರಾದರೆ ಒಂದು ಗವಿಯನ್ನು ಕಲ್ಪಿಸಿಕೊಳ್ಳಿ, ನಷ್ಟವಿಲ್ಲ. ಹೊರಬಂದವನು ಮೊದಲು ಏನು ನೋಡುತ್ತಾನೆ ಎಂದು ಕೇಳಿ. ಮೈಲಿಗಲ್ಲು, ವೀರಗಲ್ಲು, ಶಾಲೆಯ ಗೋಡೆಯ ಬರಹ, ಗ್ರಾಮ ಪಂಚಾಯಿತಿಯ ಬೋರ್ಡು. ‘ಮೈಸೂರು ರಾಜ್ಯ’ ಎಂದು ಓದಿ ಒಳಗೆ ಹೋದವನು ‘ಕರ್ನಾಟಕ’ ಎಂದು ಓದಿದರೆ ಅವನು ಕನಿಷ್ಠ 1973ರ ನವೆಂಬರ್ ದಾಟಿದ್ದಾನೆ. ಅವನ ಕೈಯಲ್ಲಿ ನಾಲ್ಕಾಣೆಯಿದ್ದು ಅಂಗಡಿಯವರು ತಿರುಗಿಸಿ ಕೊಟ್ಟರೆ? 25 ಪೈಸೆಯ ಚಲಾವಣೆ ನಿಂತದ್ದು 2011ರ ಜೂನ್ ಕೊನೆಗೆ. ಪ್ರತಿ ಉತ್ತರಕ್ಕೂ ‘ಇದರಿಂದ ಏನು ಗೊತ್ತಾಗುವುದಿಲ್ಲ?’ ಎಂದು ಕೇಳುವುದನ್ನು ಮರೆಯಬೇಡಿ. ಆ ಹುಡುಗಿ ಎಲ್ಲ ತರಗತಿಯಲ್ಲೂ ಇರುವುದಿಲ್ಲ. ಇನ್ನೊಂದು: ಗವಿ ನೋಡುತ್ತೇವೆ ಎಂದು ಮಕ್ಕಳು ತಾವಾಗಿ ಗುಡ್ಡಕ್ಕೆ ಹೊರಡದಂತೆ ಮೊದಲೇ ಎಚ್ಚರಿಸಿ. ಜೇನು, ಬಾವಲಿ, ಚಿರತೆ ಇವೆಲ್ಲ ಕಥೆಯಲ್ಲ.

ಅವಲೋಕನ ಪುಸ್ತಕದ ನಮೂನೆಯಲ್ಲಿ ಸಮಯಪಾಲನೆಗೆ ಒಂದು ಅಂಕಣವಿದೆ, ಮಗುವಿನಿಂದ ಹುಟ್ಟಿದ ಪ್ರಶ್ನೆಯನ್ನು ಬೆಳೆಸಿದ್ದಕ್ಕೆ ಅಂಕಣವಿಲ್ಲ. ಈ ವರ್ಷ ನಾನು ಹಾಳೆಯ ಅಂಚಿನಲ್ಲಿ ಕೈಯಿಂದ ಗೆರೆ ಎಳೆದು ಅದನ್ನು ಸೇರಿಸಿಕೊಳ್ಳುತ್ತಿದ್ದೇನೆ. ವಿಭಾಗದ ಸಭೆಯಲ್ಲಿ ಇದನ್ನು ಮಂಡಿಸುವವಳಿದ್ದೇನೆ. ವಿರೋಧಿಸುವವರು ವಿರೋಧಿಸಲಿ, ಚರ್ಚೆಯಾಗಲಿ.

ಆ ದಿನ ಗಂಟೆ ಹೊಡೆದು ಎಲ್ಲರೂ ಎದ್ದಾಗ ಹಿಂದಿನ ಸಾಲಿನ ಹುಡುಗ ಮೇಜಿನ ಹತ್ತಿರ ಬಂದು, “ಮಿಸ್, ಎಮ್ಮೆ ಒಳಗೇ ಉಳ್ಕೊಂಡಿದ್ರೆ ಅದಕ್ಕೀಗ ಎಷ್ಟು ವಯಸ್ಸು?” ಎಂದು ಕೇಳಿದ್ದ. “ನಾಳೆ ಮಾತಾಡೋಣ” ಎಂದಿದ್ದರು ಪ್ರಶಿಕ್ಷಣಾರ್ಥಿ. ಮರುದಿನ ನಾನೇ ಹಿಂದಿನ ಬೆಂಚಿನಲ್ಲಿ ಕೂತಿದ್ದೆ. ಚಾರ್ಟು ಗೋಡೆಗೆ ಏರಿತ್ತು, ಐದೂ ಪ್ರಶ್ನೆಗಳಿಗೆ ಉತ್ತರ ಬಂತು, ಎಮ್ಮೆಯ ಮಾತು ಬರಲಿಲ್ಲ. ಹುಡುಗ ಒಂದೆರಡು ಸಲ ಕೈಯೆತ್ತಿ ಇಳಿಸಿದ್ದನ್ನು ನಾನು ನೋಡಿದ್ದೆ.